ಕಬ್ಬಿಣದ ಸವತಿ

ವಿಲ್ಹೆಲ್ಮ್ಸ್‌ಹಾಫನ್
10 ಡಿಸೆಂಬರ್ 1918

ಫೋಲ್ಕರ್ಟ್,

ಪಕ್ಕದ ಮನೆಯ ಹಿಲ್ಕೆಯ ಗಂಡ ಬಂದಿಳಿದ. ಹಡಗುಗಳನ್ನು ಇಂಗ್ಲಿಷರಿಗೆ ಒಪ್ಪಿಸಲು ಹೋದವರಲ್ಲಿ ಮೊದಲ ಸ್ಟೀಮರಿನಲ್ಲೇ ವಾಪಸಾದ ಪುಣ್ಯವಂತರ ಪೈಕಿ ಅವನೂ ಒಬ್ಬ. ಅಂದಿನಿಂದ ಹಿಲ್ಕೆ ಕಿಟಕಿಯ ಪರದೆ ಎಳೆಯುವುದನ್ನು ಮರೆತಿದ್ದಾಳೆ. ಮರೆತದ್ದೋ, ಬೀದಿಯವರೆಲ್ಲ ನೋಡಲಿ ಎಂದೋ. ಅವನ ಬೂಟುಗಳನ್ನು ಬಾಗಿಲ ಹೊರಗೆ ಒಣಗಲು ಇಟ್ಟಿದ್ದಾಳೆ. ಅವು ಇಷ್ಟು ದಿನವಾದರೂ ಒಣಗಿಲ್ಲ ಎಂದರೆ ನಂಬಬೇಕು ನಾನು.

ನೀನು ಹೊರಡುವಾಗ ಏನೆಂದಿದ್ದೆ? ಯುದ್ಧ ಮುಗಿಯಿತು, ಇನ್ನು ಹಡಗುಗಳನ್ನು ಅವರ ಕೊಲ್ಲಿಯಲ್ಲಿ ಕಟ್ಟಿಹಾಕಿ ಬರುವುದಷ್ಟೇ, ಕ್ರಿಸ್‌ಮಸ್ಸಿಗೆ ಮನೆಯಲ್ಲಿರುತ್ತೇನೆ ಎಂದು. ಹಿಲ್ಕೆಯ ಗಂಡನನ್ನು ಕೇಳಿದೆ. ನಿನ್ನ ಹಡಗಿನಿಂದಲೂ ಅರ್ಧಕ್ಕರ್ಧ ಜನ ಬಂದರಂತೆ. ಬಾಯ್ಲರ್ ಕೋಣೆಯ ಮೇಸ್ತ್ರಿಯೊಬ್ಬ ಮಾತ್ರ ಊರಿಗೆ ಮರಳುವವರ ಪಟ್ಟಿಗೆ ಹೆಸರು ಕೊಡಲಿಲ್ಲವಂತೆ. ಆ ಮೇಸ್ತ್ರಿ ನನ್ನ ಗಂಡ ಎಂದು ಹೇಳಿಕೊಳ್ಳಲು ನಾಚಿಕೆಯಾಯಿತು.

ಬ್ರೆಡ್ಡಿನ ಸಾಲಿನಲ್ಲಿ ಹೆಂಗಸರಿಗೆ ಇದೇ ಮಾತು. ‘ಆ ಕಡೆ ಹೆಣ್ಣುಗಳ ಕೂದಲು ಕೆಂಪಗಿರುತ್ತಂತೆ ಕಣೇ ಗೆಶೆ. ನಿನ್ನ ಗಂಡನಿಗೆ ಮೊದಲೇ ಬೆಂಕಿ ಅಂದ್ರೆ ಪ್ರಾಣ’ ಅಂದಳು ಒಬ್ಬಳು. ನಾನೂ ಎಲ್ಲರ ಜೊತೆ ನಕ್ಕೆ. ಮನೆಗೆ ಬಂದು ಗಡ್ಡೆಕೋಸು ಹೆಚ್ಚುವಾಗ ಬೆರಳು ಕೊಯ್ದುಕೊಂಡೆ.

ನಿನ್ನಮ್ಮ ಚೆನ್ನಾಗಿದ್ದಾರೆ. ವಿಬ್ಕೆಗೆ ಈಗ ಎಲ್ಲ ಮಾತೂ ಬರುತ್ತದೆ, ಅಪ್ಪ ಎನ್ನಲು ಎದುರಿಗೆ ಆಳಿಲ್ಲ ಅಷ್ಟೆ.

ಗೆಶೆ


ಸ್ಕಾಪಾ ಫ್ಲೋ
4 ಜನವರಿ 1919

ಪ್ರೀತಿಯ ಗೆಶೆ,

ಕೆಂಪು ಕೂದಲಿನವರೂ ಇಲ್ಲ, ಬಿಳಿ ಕೂದಲಿನವರೂ ಇಲ್ಲ. ನಮ್ಮನ್ನು ದಡಕ್ಕೆ ಬಿಡುವುದಿಲ್ಲ. ಒಂದು ಹಡಗಿನವರು ಇನ್ನೊಂದು ಹಡಗಿಗೆ ಹೋಗುವಂತೆಯೂ ಇಲ್ಲ. ಸುತ್ತ ಬೋಳು ಗುಡ್ಡಗಳು, ಒಂದು ಮರವಿಲ್ಲ. ಸೋತ ನಮ್ಮ ಇಷ್ಟು ದೊಡ್ಡ ನೌಕಾಪಡೆ ಇಂಗ್ಲಿಷರ ಈ ಒಂದೇ ಕೊಲ್ಲಿಯಲ್ಲಿ, ಬಾವುಟವಿಲ್ಲದೆ, ಸಂತೆಯಲ್ಲಿ ಮಾರಾಟವಾಗದೆ ಉಳಿದ ದನಗಳ ಹಾಗೆ ನಿಂತಿದೆ. ಹುಡುಗರು ಎದೆಯ ಪದಕ ಕಿತ್ತು ಇಂಗ್ಲಿಷ್ ಕಾವಲು ದೋಣಿಯವರಿಗೆ ಕೊಟ್ಟು ಸಾಬೂನು, ಹೊಗೆಸೊಪ್ಪು ತೆಗೆದುಕೊಳ್ಳುತ್ತಾರೆ.

ನನ್ನ ಮೇಲೆ ಸಿಟ್ಟು ಮಾಡಿಕೊಳ್ಳಬೇಡ. ಬಾಯ್ಲರುಗಳಲ್ಲಿ ಒಂದನ್ನು ಬಿಟ್ಟು ಉಳಿದವೆಲ್ಲ ತಣ್ಣಗಾಗಿವೆ. ನನ್ನ ಹಡಗು, ಅವಳ ಒಳಗೋಡೆಗಳಲ್ಲಿ ನೀರು ಹನಿಯುತ್ತದೆ, ಜಾಡ್ಯ ಬಂದವರ ಬೆವರಿನ ಹಾಗೆ. ನಾನು ಒರೆಸಿ ಎಣ್ಣೆ ಹಚ್ಚದಿದ್ದರೆ ಯಾರೂ ಹಚ್ಚುವುದಿಲ್ಲ. ಹುಡುಗರು ಇಸ್ಪೀಟು ಆಡುತ್ತ ಕೂತಿರುತ್ತಾರೆ. ನಮ್ಮ ಬಾಯ್ಲರ್ ಕೋಣೆಯ ಕಟ್ಟಳೆ ನಿನಗೂ ಗೊತ್ತು: ಹಡಗಿನ ಮೊದಲ ಬೆಂಕಿ ಹೊತ್ತಿಸಿದವನೇ ಕೊನೆಯ ಬೆಂಕಿಯನ್ನೂ ತೆಗೆಯಬೇಕು. ಮೊದಲ ಬೆಂಕಿ ಹೊತ್ತಿಸಿದವನು ನಾನು.

ಆದರೂ ಫೆಬ್ರವರಿಯ ಪಟ್ಟಿಗೆ ಹೆಸರು ಕೊಟ್ಟಿದ್ದೇನೆ. ದಿನಸಿ ತರುವ ಸ್ಟೀಮರು ಹಿಂದಿರುಗುವಾಗ ಬರುತ್ತೇನೆ. ಮಗುವಿಗೆ ಹೇಳು.

ನಿನ್ನ ಫೋಲ್ಕರ್ಟ್


ವಿಲ್ಹೆಲ್ಮ್ಸ್‌ಹಾಫನ್
23 ಫೆಬ್ರವರಿ 1919

ಫೋಲ್ಕರ್ಟ್,

ಮಗುವಿಗೆ ಹೇಳಿದ್ದೆ.

ಹಿಲ್ಕೆಯ ಬಳಿ ಒಂದು ಬಟ್ಟಲು ಹಿಟ್ಟು ಕಡ ತಂದು, ಪರದೆಗಳಿಗೆ ಗಂಜಿ ಹಾಕಿ, ಮದುವೆಯ ಶಾಲು ಹೊದ್ದು ಬಂದರಿಗೆ ಹೋದೆ. ಮಂಜು ಕವಿದಿತ್ತು. ಇಳಿದವರೆಲ್ಲ ಒಂದೇ ಬಣ್ಣದ ದಪ್ಪ ಕೋಟು, ಒಂದೇ ರೀತಿಯ ಗಡ್ಡ. ನಾನು ಕತ್ತು ಚಾಚಿ ಹುಡುಕುತ್ತಿರುವಾಗಲೇ ವಿಬ್ಕೆ ನನ್ನ ಕೈ ಕೊಸರಿಕೊಂಡು ಓಡಿ ಒಬ್ಬನ ಕಾಲು ತಬ್ಬಿ ಹಿಡಿದು ‘ಅಪ್ಪ’ ಎಂದಳು. ಅವನು ಗಂಟು ಕೆಳಗಿಟ್ಟು ಅವಳನ್ನು ಎತ್ತಿಕೊಂಡ. ಹತ್ತಿರ ಹೋಗಿ ನೋಡಿದರೆ ಒನ್ನೊ. ನಿನ್ನ ಕೈಕೆಳಗೆ ಕಲ್ಲಿದ್ದಲು ಹಾಕುತ್ತಿದ್ದ, ನಮ್ಮ ಮದುವೆಯಲ್ಲಿ ಅಕಾರ್ಡಿಯನ್ ನುಡಿಸಿದ ಒನ್ನೊ.

‘ಅವನು ಬರಲಿಲ್ಲ. ಅವನ ಜಾಗದಲ್ಲಿ ನನ್ನನ್ನ ಕಳಿಸಿದ’ ಅಂದ. ಅಷ್ಟು ಹೇಳಿ ನಿನ್ನ ಪೊಟ್ಟಣ ಕೊಟ್ಟ. ಒಣಮೀನು ಮತ್ತು ಒಂದು ಸಾಬೂನು.

ಬಂದರಿನ ಗೇಟು ದಾಟುವವರೆಗೂ ವಿಬ್ಕೆ ಅವನ ಹೆಗಲ ಮೇಲೇ ಇದ್ದಳು. ಅವನು ನಿನ್ನಪ್ಪನಲ್ಲ ಎಂದು ನಾನು ಅವಳಿಗೆ ಹೇಳಲಿಲ್ಲ. ಅವನೂ ಹೇಳಲಿಲ್ಲ. ಹಿಲ್ಕೆ ಎದುರಾದಳು, ನಮ್ಮನ್ನು ನೋಡಿದಳು, ಏನೂ ಕೇಳದೆ ಪಕ್ಕಕ್ಕೆ ಸರಿದಳು. ಕೇಳಿದ್ದರೇ ಚೆನ್ನಾಗಿತ್ತು.

ನಿನ್ನ ಜಾಗವನ್ನು ಯಾಕೆ ಕೊಟ್ಟೆ?

ಗೆಶೆ


ಸ್ಕಾಪಾ ಫ್ಲೋ
16 ಮಾರ್ಚ್ 1919

ಪ್ರೀತಿಯ ಗೆಶೆ,

ಒನ್ನೊನ ತಾಯಿಗೆ ಕಾಯಿಲೆ. ಅದಕ್ಕೇ ಕೊಟ್ಟೆ. ನೀನೂ ಅದನ್ನೇ ಮಾಡುತ್ತಿದ್ದೆ.

ಇಲ್ಲಿ ಎಲ್ಲ ಹಾಗೇ ಇದೆ. ಹೋದ ವಾರದ ಬಿರುಗಾಳಿಗೆ ಅವಳು ಲಂಗರಿನ ಸರಪಳಿ ಎಳೆದು ನರಳುತ್ತಿದ್ದಳು. ಆ ಸದ್ದಿಗೆ ನನಗೆ ನಿದ್ದೆ ಹತ್ತಲಿಲ್ಲ. ಪಂಪುಗಳನ್ನು ಬಿಚ್ಚಿ ಜೋಡಿಸಿದೆ. ಯಾರು ನೋಡುತ್ತಾರೆ ಎಂದು ಹುಡುಗರು ನಗುತ್ತಾರೆ. ಸ್ಕಾಗೆರಾಕ್ ಸಮುದ್ರದ ಕದನದಲ್ಲಿ ಅಷ್ಟು ಗುಂಡು ತಿಂದೂ ನಮ್ಮನ್ನು ಮನೆ ಮುಟ್ಟಿಸಿದವಳು. ಅವಳನ್ನು ಕೊಳೆಯಲು ಬಿಟ್ಟು ಹೇಗೆ ಬರಲಿ?

ಒನ್ನೊ ತಂದ ಪೊಟ್ಟಣ ಮುಟ್ಟಿತಲ್ಲ, ಅಲ್ಲಿಗೆ ಅವನ ಕೆಲಸ ಮುಗಿಯಿತು. ಮತ್ತೆ ಮನೆಗೆ ಬರುವ ತೊಂದರೆ ತೆಗೆದುಕೊಳ್ಳಬೇಡ ಎಂದು ಅವನಿಗೆ ಹೇಳು.

ನಿನ್ನ ಫೋಲ್ಕರ್ಟ್


ವಿಲ್ಹೆಲ್ಮ್ಸ್‌ಹಾಫನ್
21 ಏಪ್ರಿಲ್ 1919, ಈಸ್ಟರ್ ಮರುದಿನ

ಫೋಲ್ಕರ್ಟ್,

ಅವನಿಗೆ ಅದೇನೂ ತೊಂದರೆಯಂತೆ ಕಾಣುವುದಿಲ್ಲ.

ನಮ್ಮ ಒಲೆ ಹೊಗೆ ಕಾರುತ್ತಿತ್ತಲ್ಲ, ನೀನು ಎರಡು ರಜೆಯಿಂದ ನೋಡುತ್ತೇನೆ ಎನ್ನುತ್ತಿದ್ದೆಯಲ್ಲ, ಒನ್ನೊ ಅದರ ಕೊಳವೆ ಬಿಚ್ಚಿ ಮಸಿ ತೆಗೆದು ಸರಿಮಾಡಿದ. ಈಗ ಗಾಳಿ ಚೆನ್ನಾಗಿ ಎಳೆಯುತ್ತದೆ. ಚಹಾ ಎಲ್ಲಿಂದ ತರಲಿ, ಹುರಿದ ಬಾರ್ಲಿಯನ್ನೇ ಕುದಿಸಿ ಕೊಟ್ಟೆ. ಮೂರು ಬಟ್ಟಲು ಕುಡಿದ. ಸಾಕು ಎಂದು ಚಮಚವನ್ನು ಬಟ್ಟಲೊಳಗೆ ಇಡುತ್ತಾನೇನೋ ಎಂದು ನೋಡಿದೆ. ಇಡಲಿಲ್ಲ. ನಾಲ್ಕನೆಯದನ್ನೂ ಬಗ್ಗಿಸಿದೆ.

ಇದನ್ನು ಯಾಕೆ ಬರೆಯುತ್ತಿದ್ದೇನೆ ಎಂದು ನಿನಗೆ ಗೊತ್ತು. ನನಗೂ ಗೊತ್ತು. ಈ ಪತ್ರ ಒಡೆದು ಓದುವ ಇಂಗ್ಲಿಷ್ ಅಧಿಕಾರಿಗೂ ಈಗ ಗೊತ್ತಾಯಿತು. ಅವನಿಗೆ ಹೆಂಡತಿ ಇದ್ದರೆ ಅರ್ಥವಾದೀತು.

ಅವಳು ನೀರಿಗಿಳಿದ ದಿನ ನೆನಪಿದೆಯೇ? ನಾವು ಮಾತಾಡಲು ಶುರುಮಾಡಿ ಒಂದು ತಿಂಗಳಾಗಿತ್ತು. ನನ್ನನ್ನು ಹಡಗುಕಟ್ಟೆಗೆ ಕರೆದುಕೊಂಡು ಹೋದೆ. ನಾನು ನೀಲಿ ಟೋಪಿ ಹೊಸದಾಗಿ ಕೊಂಡಿದ್ದೆ. ಆಧಾರದ ಮರಗಳನ್ನು ತೆಗೆದಾಗ ಅವಳು ನಿಧಾನವಾಗಿ, ಗರ್ವದಿಂದ, ಯಾರ ಕೈಯನ್ನೂ ಹಿಡಿಯದೆ ಜಾರಿದಳು. ಜನ ಕೂಗಿದರು. ನಾನು ನಿನ್ನ ಕಡೆ ತಿರುಗಿದೆ. ನಿನ್ನ ಕಣ್ಣು ಒದ್ದೆಯಾಗಿತ್ತು. ನಮ್ಮ ಮದುವೆಯ ದಿನ ಅದು ಒದ್ದೆಯಾಗಲಿಲ್ಲ. ವಿಬ್ಕೆ ಹುಟ್ಟಿದಾಗಲೂ ಇಲ್ಲ. ನಾನು ಗಮನಿಸಿದೆ.

ಯುದ್ಧದ ಅಷ್ಟು ವರ್ಷವೂ ನೀನು ದೂರ ಎಲ್ಲಿಗೂ ಹೋಗಲಿಲ್ಲ. ಅದೇ ನನ್ನ ಸಂಕಟ. ಬೇರೆಯವರ ಗಂಡಂದಿರು ರಷ್ಯಾದಲ್ಲಿ, ಫ್ರಾನ್ಸಿನಲ್ಲಿ ಇದ್ದರು, ಕಾಣದ್ದಕ್ಕೆ ಅಳಬಹುದಿತ್ತು. ನೀನು ಇಲ್ಲೇ, ಸಮುದ್ರದ ಕಟ್ಟೆಯ ಮೇಲೆ ನಿಂತರೆ ಕಾಣುವಷ್ಟು ಹತ್ತಿರ, ಅವಳೊಳಗೆ ಇದ್ದೆ. ಸಂಜೆ ಅವಳ ದೀಪಗಳು ಒಂದೊಂದಾಗಿ ಹತ್ತುವುದನ್ನು ನೋಡಿ ಮನೆಗೆ ಬರುತ್ತಿದ್ದೆ. ಸವತಿ ಕಬ್ಬಿಣದವಳಾದರೂ ಸವತಿಯೇ ಫೋಲ್ಕರ್ಟ್. ಮಾಂಸದವಳಾಗಿದ್ದರೆ ಅವಳಿಗೂ ನನ್ನ ಹಾಗೆ ವಯಸ್ಸಾಗುತ್ತಿತ್ತು, ಬೀದಿಯಲ್ಲಿ ನಿಲ್ಲಿಸಿ ನಾಲ್ಕು ಮಾತು ಕೇಳಬಹುದಿತ್ತು.

ಊಟವಾಯಿತೇ ಎಂದು ಅವಳು ಕೇಳುತ್ತಾಳೆಯೇ?

ಗೆಶೆ


ಸ್ಕಾಪಾ ಫ್ಲೋ
8 ಮೇ 1919

ಗೆಶೆ,

ನಾಲ್ಕು ಬಟ್ಟಲು ಯಾಕೆ? ನಮ್ಮ ಕಡೆ ಮೂರೇ ರೂಢಿ. ನನ್ನಪ್ಪನೂ ಬೇರೆಯವರ ಮನೆಯಲ್ಲಿ ಮೂರಕ್ಕಿಂತ ಹೆಚ್ಚು ಕುಡಿದವನಲ್ಲ.

ಅವನು ಎಲ್ಲಿ ಕೂರುತ್ತಾನೆ? ಕಿಟಕಿಯ ಪಕ್ಕದ ಕುರ್ಚಿಯಲ್ಲೇ? ಅಮ್ಮ ಆಗ ಎಲ್ಲಿರುತ್ತಾರೆ? ವಿಬ್ಕೆ ಈಗಲೂ ಅವನನ್ನು ಹಾಗೇ ಕರೆಯುತ್ತಾಳೆಯೇ? ನೀನು ಬರೆಯುವುದಿಲ್ಲ. ಇಲ್ಲಿ ಡೆಕ್ಕಿನ ಮೇಲೆ ಈ ತುದಿಯಿಂದ ಆ ತುದಿಗೆ ನಡೆಯುತ್ತೇನೆ, ಬೇಲಿಯೊಳಗೆ ಕೂಡಿದ ಎತ್ತಿನ ಹಾಗೆ. ಮೀನು ಹಿಡಿಯಲು ಕೂತರೆ ಗಾಳಕ್ಕೆ ಮೀನು ಬಿದ್ದದ್ದೂ ತಿಳಿಯುವುದಿಲ್ಲ.

ನನ್ನ ಒಲೆ ಮುಟ್ಟಲು ಅವನ್ಯಾರು? ಅವನದು ಬೆಂಕಿ ಆರಿಸಿದ ಕೈ. ಕಳೆದ ಅಕ್ಟೋಬರಿನಲ್ಲಿ, ಕೊನೆಯದೊಂದು ಕದನಕ್ಕೆ ಹೊರಡಿ ಎಂದು ಆಜ್ಞೆ ಬಂದಾಗ, ದಂಗೆಯೆದ್ದು ಬಾಯ್ಲರುಗಳ ಬೆಂಕಿಯನ್ನು ಸಲಿಕೆಯಿಂದ ಎಳೆದು ನೆಲಕ್ಕೆ ಚೆಲ್ಲಿದವರಲ್ಲಿ ಮೊದಲನೆಯವನು ಅವನು. ನಾನು ಹೊತ್ತಿಸಿದ ಬೆಂಕಿ. ನನ್ನ ಕಣ್ಣೆದುರಿಗೆ. ಆಮೇಲೂ ಅವನು ಅದೇ ಕೋಣೆಗೆ ಇಳಿಯುತ್ತಿದ್ದ, ಏನೂ ಆಗಿಲ್ಲವೆಂಬಂತೆ ಅವಳ ಮೈಗೆ ಬೆನ್ನು ಕೊಟ್ಟು ಮಲಗುತ್ತಿದ್ದ. ಅದನ್ನು ನನ್ನಿಂದ ನೋಡಲಾಗಲಿಲ್ಲ.

ಅವನನ್ನು ಒಳಗೆ ಬಿಡಬೇಡ.

ಫೋಲ್ಕರ್ಟ್


ವಿಲ್ಹೆಲ್ಮ್ಸ್‌ಹಾಫನ್
30 ಮೇ 1919

ಫೋಲ್ಕರ್ಟ್,

ಕಿಟಕಿಯ ಪಕ್ಕದ ಕುರ್ಚಿಯಲ್ಲೇ ಕೂರುತ್ತಾನೆ. ನಿನ್ನಮ್ಮ ಅವನ ಎದುರಿಗೆ ಕೂತು ಬಟಾಣಿ ಬಿಡಿಸುತ್ತಾರೆ. ಮೊನ್ನೆ ಅವರ ಮುಂದೆಯೇ ಒನ್ನೊನನ್ನು ಕೇಳಿದೆ, ನಿನ್ನ ತಾಯಿ ಹೇಗಿದ್ದಾರೆ ಎಂದು.

ಅವನು ನನ್ನ ಮುಖ ನೋಡಿದ. ‘ನನ್ನಮ್ಮನಾ? ಅವಳು ಸತ್ತಾಗ ನಾನಿನ್ನೂ ಚಡ್ಡಿ ಹಾಕ್ತಿದ್ದೆ.’

ನೀನು ಬರೆದದ್ದನ್ನು ಹೇಳಿದೆ. ‘ಅವನು ನಂಗೆ ಜಾಗ ಕೊಟ್ಟಿಲ್ಲ ಗೆಶೆ. ನನ್ನನ್ನ ಅಲ್ಲಿಂದ ಎತ್ತಿ ಹಾಕಿದ. ಬಾಯ್ಲರ್ ಕೋಣೆ ಬಾಗಿಲ ಹತ್ರ ಹೋದ್ರೆ ಸಾಕು, ಮೂಳೆ ಕಾಯೋ ನಾಯಿ ಥರ ಗುರುಗುಟ್ತಿದ್ದ. ಪಟ್ಟಿಲಿ ತನ್ನ ಹೆಸರು ಹೊಡೆಸಿ ನನ್ನ ಹೆಸರು ಬರೆಸಿದ’ ಅಂದ.

ನಿನ್ನಮ್ಮ ಬಟಾಣಿ ಬಿಡಿಸುತ್ತಲೇ ‘ಅವನು ಚಿಕ್ಕವನಿದ್ದಾಗಲೂ ಹಾಗೇ. ತನ್ನ ಆಟಿಕೆ ಮುಟ್ಟಿದೋರನ್ನ ಮನೆಯಿಂದ ಓಡಿಸೋನು’ ಅಂದರು.

ನನಗೆ ನಗು ಬಂತು. ಎಂಥ ನಗು ಎಂದು ಕೇಳಬೇಡ. ಅವಳ ಹತ್ತಿರ ಇನ್ನೊಬ್ಬ ಗಂಡಸು ಮಲಗುವುದನ್ನು ಸಹಿಸಲಾಗದೆ ಅವನನ್ನು ಕಳಿಸಿಬಿಟ್ಟೆ. ಎಲ್ಲಿಗೆ? ನನ್ನ ಅಡುಗೆಮನೆಗೆ. ಬಾಗಿಲು ಕಾಯಲು ನಿನಗೆ ಚೆನ್ನಾಗಿ ಬರುತ್ತದೆ. ಕಾಯಬೇಕಾದ ಬಾಗಿಲು ಯಾವುದೆಂದು ಮಾತ್ರ ತಪ್ಪು ಮಾಡಿದೆ. ಹಡಗಿನವರಲ್ಲದೆ ಇನ್ಯಾರಿಗೂ ಇಂಥ ತಪ್ಪು ಮಾಡಲು ಆಗುವುದಿಲ್ಲ.

ಬೆಂಕಿ ಆರಿಸಿದ ಕೈ ಎಂದೆಯಲ್ಲ, ಆ ಬೆಂಕಿ ಅಂದು ಆರದಿದ್ದರೆ ಇಷ್ಟು ಹೊತ್ತಿಗೆ ನೀನು ಅವಳ ಜೊತೆ ಸಮುದ್ರದ ತಳದಲ್ಲಿರುತ್ತಿದ್ದೆ. ಆ ಕೈಗೆ ನಾಲ್ಕು ಬಟ್ಟಲು ಬಾರ್ಲಿ ನೀರು ಹೆಚ್ಚೇನಲ್ಲ.

ಈಗ ಮುಖ್ಯವಾದದ್ದು. ಒನ್ನೊಗೆ ಎಮ್ಡೆನ್ ಬಂದರಿನಲ್ಲಿ ಕೆಲಸ ಸಿಕ್ಕಿದೆ. ನಿನ್ನೆ ಬಂದವನು ಕೂರಲಿಲ್ಲ. ಟೋಪಿ ಕೈಯಲ್ಲಿ ಹಿಡಿದು ನಿಂತೇ ಹೇಳಿದ: ‘ನೀನೂ ಬಾ. ಮಗೂನೂ ಕರ್ಕೊಂಡು ಬಾ. ಕೇಳ್ತಾ ಇದೀನಿ ಅಷ್ಟೆ, ಬಲವಂತ ಇಲ್ಲ.’

ಜೂನ್ ಮಧ್ಯದಲ್ಲಿ ಇನ್ನೊಂದಷ್ಟು ಜನರನ್ನು ಕಳಿಸುತ್ತಾರೆ ಎಂದು ಇಲ್ಲಿ ಎಲ್ಲರೂ ಹೇಳುತ್ತಿದ್ದಾರೆ. ಆ ಸ್ಟೀಮರಿನಲ್ಲಿ ನೀನು ಬಂದರೆ ಸರಿ. ಬರದಿದ್ದರೆ ನಾನು ಒನ್ನೊಗೆ ಉತ್ತರ ಕೊಡುತ್ತೇನೆ. ಅವಳು ಅಥವಾ ನಾನು. ಎಂಟು ವರ್ಷದಿಂದ ಕೇಳದೆ ಉಳಿಸಿಕೊಂಡಿದ್ದೆ, ಈಗ ಕೇಳಿದ್ದೇನೆ.

ಗೆಶೆ


ಯುದ್ಧಕೈದಿಗಳ ಶಿಬಿರ, ಇಂಗ್ಲೆಂಡ್
13 ಜುಲೈ 1919

ಗೆಶೆ,

ಈ ಪತ್ರವನ್ನು ಹಳೆಯ ವಿಳಾಸಕ್ಕೇ ಬರೆಯುತ್ತಿದ್ದೇನೆ. ನೀನು ಎಮ್ಡೆನ್ನಿನಲ್ಲಿದ್ದರೆ ಅಮ್ಮ ಕಳಿಸಿಕೊಡಲಿ, ಅಥವಾ ಒಲೆಗೆ ಹಾಕಲಿ.

ನಿನ್ನ ಪತ್ರ ತಡವಾಗಿ ಬಂತು ಎಂದು ಬರೆಯಬಹುದಿತ್ತು. ತಡವಾಗಲಿಲ್ಲ. ಸ್ಟೀಮರು ಹೊರಡುವ ಮೊದಲೇ ಬಂತು. ಪಟ್ಟಿಯಲ್ಲಿ ನನ್ನ ಹೆಸರೂ ಇತ್ತು. ಚೀಲ ಕಟ್ಟಿದ್ದೆ. ಆಗ ಎಂಜಿನ್ ವಿಭಾಗದ ಅಧಿಕಾರಿ ಬಂದು, ತಳದ ಕವಾಟಗಳನ್ನು ಚೆನ್ನಾಗಿ ಬಲ್ಲ ನಂಬಿಕಸ್ಥನೊಬ್ಬ ಉಳಿಯಬೇಕು ಎಂದು ಮೆಲ್ಲಗೆ ಹೇಳಿದರು. ಯಾಕೆ ಎನ್ನಲಿಲ್ಲ. ಯಾಕೆ ಎಂದು ನನಗೆ ತಿಳಿಯಿತು. ಚೀಲ ಬಿಚ್ಚಿದೆ.

ಹಡಗುಗಳು ಇಂಗ್ಲಿಷರ ಪಾಲಾಗದಂತೆ ನಾವೇ ಮುಳುಗಿಸಿದ್ದನ್ನು ಪತ್ರಿಕೆಗಳಲ್ಲಿ ನೀನು ಓದಿರುತ್ತೀಯ. ಜೂನ್ 21, ಶನಿವಾರ. ಬಿಸಿಲು ಚೆನ್ನಾಗಿತ್ತು. ಬೆಳಗಿನ ಹೊತ್ತು ನಮ್ಮ ಮುಖ್ಯ ಹಡಗಿನಿಂದ ಸಂಕೇತ ಬಂತು. ಕೆಳಗೆ ಇಳಿದೆ. ಮೊದಲು ಬೆಂಕಿ ತೆಗೆದೆ, ಆಮೇಲೆ ಕವಾಟಗಳನ್ನು ತೆರೆದೆ. ಮತ್ತೆ ಯಾರೂ ಮುಚ್ಚದ ಹಾಗೆ ತಿರುಗಣಿಗಳನ್ನು ಬಗ್ಗಿಸಿ ಹಿಡಿಗಳನ್ನು ಸಮುದ್ರಕ್ಕೆಸೆದೆ. ನೀರು ಬರುವ ಸದ್ದು ಮೊದಮೊದಲು ಬಹಳ ಸಣ್ಣದು.

ಆಗ ನನ್ನ ಮನಸ್ಸಿನಲ್ಲಿ ಬಂದದ್ದನ್ನು ನಿನಗೆ ಬಿಟ್ಟು ಯಾರಿಗೂ ಹೇಳಲಾರೆ. ದುಃಖವಾಗುತ್ತದೆ ಎಂದುಕೊಂಡಿದ್ದೆ. ಆದದ್ದು ಸಮಾಧಾನ. ಇನ್ನು ಇವಳನ್ನು ಇಂಗ್ಲಿಷರೂ ಮುಟ್ಟುವುದಿಲ್ಲ, ಒನ್ನೊನೂ ಮುಟ್ಟುವುದಿಲ್ಲ, ಯಾರೂ ಮುಟ್ಟುವುದಿಲ್ಲ ಎಂಬ ಸಮಾಧಾನ. ನನಗೆ ನನ್ನ ಬಗ್ಗೆಯೇ ಹೆದರಿಕೆಯಾಯಿತು. ಪ್ರೀತಿ ಎಂದು ಇಷ್ಟು ದಿನ ಕರೆದದ್ದು ಇದನ್ನೇ ಏನು?

ದೋಣಿಗೆ ಇಳಿದೆವು. ಕಾವಲು ದೋಣಿಗಳು ಗಾಬರಿಯಿಂದ ಗುಂಡು ಹಾರಿಸಿದವು, ನಮ್ಮವರು ಕೆಲವರು ಸತ್ತರು. ಅಷ್ಟರಲ್ಲಿ ಹಡಗುಗಳನ್ನು ನೋಡಲೆಂದು ಶಾಲೆಯ ಮಕ್ಕಳನ್ನು ತುಂಬಿಕೊಂಡು ಬಂದ ಪುಟ್ಟ ಸ್ಟೀಮರೊಂದು ನಮ್ಮ ನಡುವೆ ಸಿಕ್ಕಿಕೊಂಡಿತು. ಅದರ ಅಂಚಿನಲ್ಲಿ ಒಬ್ಬ ಹೆಂಗಸು, ಬಹುಶಃ ಅವರ ಶಿಕ್ಷಕಿ, ಎರಡು ಮಕ್ಕಳ ಕಣ್ಣು ಮುಚ್ಚಿ ಹಿಡಿದು ನಿಂತಿದ್ದಳು. ಏಳು ತಿಂಗಳಲ್ಲಿ ನಾನು ನೋಡಿದ ಮೊದಲ ಹೆಂಗಸು. ಅವಳನ್ನೇ ನೋಡುತ್ತಿದ್ದೆ. ಹಿಂದಕ್ಕೆ ತಿರುಗುವಷ್ಟರಲ್ಲಿ ನನ್ನ ಹಡಗು ಮಗುಚಿ ಹೋಗಿತ್ತು. ಅವಳು ಮುಳುಗಿದ್ದನ್ನು ನಾನು ನೋಡಲಿಲ್ಲ ಗೆಶೆ. ಆ ಹೆಂಗಸಿನ ನಿಲುವು ನಿನ್ನದರ ಹಾಗಿತ್ತು.

ಯಾವಾಗ ಬಿಡುತ್ತಾರೋ ಗೊತ್ತಿಲ್ಲ. ನೀನು ಕೇಳಿದ್ದಕ್ಕೆ ನಾನು ತಪ್ಪು ಉತ್ತರ ಕೊಟ್ಟೆ. ಮನೆಯಲ್ಲಿ ನನಗೆ ಜಾಗವಿದೆಯೇ ಎಂದು ಕೇಳುವ ಹಕ್ಕೂ ಉಳಿದಿಲ್ಲ. ಆದರೂ ಒಂದು ಸಾಲು ಬರೆ.

ಫೋಲ್ಕರ್ಟ್


ವಿಲ್ಹೆಲ್ಮ್ಸ್‌ಹಾಫನ್
2 ಸೆಪ್ಟೆಂಬರ್ 1919

ಫೋಲ್ಕರ್ಟ್,

ಪತ್ರ ಬಂದು ಎಷ್ಟೋ ದಿನವಾಯಿತು. ಬರೆಯಲು ಕೂತಾಗೆಲ್ಲ ಸಿಟ್ಟು ಬರುತ್ತಿತ್ತು.

ಹಡಗುಗಳು ಮುಳುಗಿದ ಸುದ್ದಿ ಬಂದಾಗ ಇಡೀ ಊರು ಬೀದಿಗೆ ಬಂತು. ಹಡಗುಕಟ್ಟೆಯ ಮುದುಕರು ಗೋಡೆಗೆ ಮುಖ ಮಾಡಿ ಅತ್ತರು. ನಾನು ಒಳಗೆ ಬಂದು ಬಾಗಿಲು ಹಾಕಿಕೊಂಡು ಕುರ್ಚಿಯ ಮೇಲೆ ಕೂತೆ. ಸಂತೋಷವಾಯಿತು. ಸುಳ್ಳು ಯಾಕೆ ಹೇಳಲಿ, ಕಾಲಬೆರಳಿನ ತುದಿಯವರೆಗೂ ಸಂತೋಷವಾಯಿತು. ಮುಳುಗಿದಳು, ಹಾಳಾಗಿ ಹೋದಳು ಎಂದು ಬಾಯಿ ಬಿಟ್ಟೇ ಹೇಳಿದೆ.

ಸಂಜೆ ಹಿಲ್ಕೆ ಬಂದಳು. ಗುಂಡಿಗೆ ಸಿಕ್ಕಿ ಒಂಬತ್ತು ಜನ ಸತ್ತಿದ್ದಾರೆ, ಹೆಸರುಗಳು ಇನ್ನೂ ಬಂದಿಲ್ಲ ಎಂದಳು. ಅವಳ ಗಂಡ ಹಿಂದೆ ನಿಂತಿದ್ದ, ನನ್ನ ಕಣ್ಣು ನೋಡಲಾರದೆ ಟೋಪಿಯನ್ನೇ ತಿರುಗಿಸುತ್ತಿದ್ದ. ಮೊದಲ ಬಾರಿಗೆ ಅವಳ ಗಂಡನನ್ನು ಕಂಡು ನನಗೆ ಹೊಟ್ಟೆಯುರಿಯಲಿಲ್ಲ. ಹೊಟ್ಟೆಯುರಿಗೂ ಒಳಗೆ ಒಂದಿಷ್ಟು ಜೀವ ಬೇಕು.

ಹೆಸರುಗಳು ಬರುವವರೆಗಿನ ದಿನಗಳನ್ನು ಹೇಗೆ ಕಳೆದೆ ಎಂದು ಬರೆಯುವುದಿಲ್ಲ. ಒಂದನ್ನು ಮಾತ್ರ ಬರೆಯುತ್ತೇನೆ. ಪ್ರತಿದಿನ ಸಮುದ್ರದ ಕಟ್ಟೆಗೆ ಹೋಗಿ, ಖಾಲಿ ನೀರಿನ ಕಡೆ ನೋಡಿ, ಅವಳು ತೇಲುತ್ತಿರಲಿ ಎಂದು ಬೇಡಿಕೊಂಡೆ. ಸುದ್ದಿ ಸುಳ್ಳಾಗಿರಲಿ, ಅವಳು ನೆಟ್ಟಗೆ ನಿಂತಿರಲಿ, ಅವಳ ಹೊಟ್ಟೆಯೊಳಗೆ ನನ್ನ ಗಂಡ ಎಣ್ಣೆ ಹಚ್ಚುತ್ತ ಬದುಕಿರಲಿ, ಬೇಕಾದರೆ ಪೂರ್ತಿ ಅವಳೇ ಇಟ್ಟುಕೊಳ್ಳಲಿ ಎಂದು. ಯಾವ ಹೆಣ್ಣಿಗೂ ನಾನು ಇಷ್ಟು ಒಳ್ಳೆಯದನ್ನು ಬಯಸಿರಲಿಲ್ಲ.

ಆಮೇಲೆ ಪಟ್ಟಿ ಬಂತು, ನಿನ್ನ ಹೆಸರಿರಲಿಲ್ಲ. ಮನೆ ತಲುಪುವ ಮೊದಲೇ ಹಳೆಯ ಸಿಟ್ಟೆಲ್ಲ ವಾಪಸು ಬಂತು.

ಒನ್ನೊ ಎಮ್ಡೆನ್ನಿಗೆ ಒಬ್ಬನೇ ಹೋದ. ನಿನಗಾಗಿ ಇಲ್ಲ ಎಂದೆ ಎಂದುಕೊಳ್ಳಬೇಡ. ನಾನು ಅವನನ್ನು ಬಹಳ ಹೊತ್ತು ನೋಡಿದೆ. ಅವನು ನನ್ನ ಬಗ್ಗೆ ಮಾತಾಡುವಾಗಲೂ ಎರಡನೆಯ ಮಾತಿಗೆ ನೀನು ಬರುತ್ತಿದ್ದೆ. ನಿನ್ನ ಕುರ್ಚಿ, ನಿನ್ನ ಒಲೆ, ನಿನ್ನ ಮಗು, ನಿನ್ನ ಹೆಂಡತಿ. ಅವನಿಗೆ ಬೇಕಾಗಿದ್ದದ್ದು ನಿನ್ನದಾದ ಏನಾದರೊಂದು. ನಿಮ್ಮಿಬ್ಬರ ಜಗಳದಲ್ಲಿ ಗೆದ್ದ ಮಾಲಾಗಿ ಹೋಗಲು ನನಗೆ ಮನಸ್ಸಾಗಲಿಲ್ಲ. ಹಾಗೆಂದೇ ಹೇಳಿದೆ. ತಲೆ ತಗ್ಗಿಸಿ ಕೇಳಿ, ‘ನೀನು ಹೇಳೋದು ನಿಜ ಇರಬಹುದು’ ಎಂದು ಹೋದ.

ಆದರೆ ಅವನು ಕೇಳಿದ, ಫೋಲ್ಕರ್ಟ್. ಎದುರಿಗೆ ನಿಂತು, ನನ್ನ ಬಾಯಿಂದ ಏನು ಬರುತ್ತದೋ ಎಂದು ಹೆದರುತ್ತ ಕೇಳಿದ. ನನ್ನ ಜನ್ಮದಲ್ಲಿ ನನ್ನನ್ನು ಹಾಗೆ ಕೇಳಿದವನು ಅವನೊಬ್ಬನೇ. ನಮ್ಮ ಮದುವೆಯ ಮಾತಾಡಲು ನೀನು ಬರಲಿಲ್ಲ. ಅವಳ ಪರೀಕ್ಷಾಯಾನದಲ್ಲಿದ್ದೆ. ನಿನ್ನಮ್ಮ ಒದ್ದೆ ಕೊಡೆ ಹಿಡಿದು ಬಂದು ‘ನನ್ನ ಮಗನಿಗೆ ರಜೆ ಸಿಗಲಿಲ್ಲ ಕಣಮ್ಮ, ನೀನು ಹೂಂ ಅಂತೀಯಾ?’ ಎಂದು ಕೇಳಿದರು. ಅವರಿಗೆ ನಾನು ಹೂಂ ಅಂದೆ. ಅವರ ಜೊತೆಗಿನ ಸಂಸಾರ ಚೆನ್ನಾಗಿಯೇ ನಡೆದಿದೆ.

ಜಾಗವಿದೆಯೇ ಎಂದು ಪತ್ರದಲ್ಲಿ ಕೇಳಬೇಡ. ಬಿಡುಗಡೆಯಾದಾಗ ಬಾ. ಮನೆಯೊಳಗೆ ನೇರವಾಗಿ ಬರಬೇಡ, ಬಾಗಿಲು ತಟ್ಟು. ನಾನು ತೆರೆಯುತ್ತೇನೆ. ಅಲ್ಲೇ ನಿಂತು ಕೇಳು. ನಾನು ಏನು ಹೇಳುತ್ತೇನೋ ನನಗೂ ಗೊತ್ತಿಲ್ಲ. ನಿನಗಿಂತ ಹೆಚ್ಚು ನನಗೇ ಅದನ್ನು ಕೇಳುವ ಆಸೆ.

ಗೆಶೆ